‘ಸಂಸ್ಕಾರ’ದ ಚಲಚ್ಚಿತ್ರವೂ ನಿಷೇಧವಾದಿಗಳ ಯುಕ್ತಿಯೂ

ಯು. ಆರ್. ಅನಂತಮೂರ್ತಿಯವರ ‘ಸಂಸ್ಕಾರ’ವು 1965ರಲ್ಲಿ ಗ್ರಂಥರೂಪವಾಗಿ ಹೊರಬಂದಾಗ ಅನೇಕ ಬ್ರಾಹ್ಮಣರಿಗೆ ಅಸಮಾಧಾನವುಂಟಾಯಿತು, ಆದರೂ ಪುಸ್ತಕಕ್ಕೆ ನಿಷೇಧವೊದಗಲಿಲ್ಲ. ಅದೇ ಕಥೆಯನ್ನು ಪಟ್ಟಾಭಿರಾಮ ರೆಡ್ಡಿಯವರು 1970ರಲ್ಲಿ ಚಲಚ್ಚಿತ್ರವಾಗಿಸಿದೊಡನೆ ಮದರಾಸಿನ ಸೆನ್ಸಾರ್ ಮಂಡಲಿಯು ಪ್ರದರ್ಶನಕ್ಕೆ ಅನುಮತಿಯನ್ನು ನಿರಾಕರಿಸಿತು. ಬಳಿಕ ಕೇಂದ್ರಸರ್ಕಾರವು ಆ ತಡೆಯನ್ನು ತೆಗೆಯಿತು. ಆ ವರ್ಷದ ಅತ್ಯುತ್ತಮ ಚಿತ್ರವೆಂಬ ರಾಷ್ಟ್ರಪ್ರಶಸ್ತಿಯೂ ಅದಕ್ಕೇ ಸಂದಿತು. ತಡೆಯೇನೋ ಹೋಯಿತು, ತಡೆಯನ್ನು ಹುಟ್ಟಿಸಿದ ಯುಕ್ತಿಯು ಮಾತ್ರ ಇಂದಿಗೂ ಜೀವಿಸಿಯೇ ಇದೆ.

ಆ ಯುಕ್ತಿಯಾದರೂ ಏನು? ಗ್ರಂಥವನ್ನು ಓದುವವನು ಏಕಾಂತದಲ್ಲಿ ಕುಳಿತು ವಿಚಾರಮಾಡಬಲ್ಲ ವಿದ್ಯಾವಂತ; ಚಿತ್ರವನ್ನು ನೋಡುವುದು ಪಾಮರಸಮೂಹ; ಆದಕಾರಣ ಓದಲು ಯೋಗ್ಯವಾದುದೆಲ್ಲ ನೋಡಲು ಯೋಗ್ಯವಲ್ಲವೆಂಬುದು. ಇದನ್ನು ಸಂಪ್ರದಾಯದ ಹೆಸರಿನಲ್ಲಿ ಹೇಳುವವರು ಸಂಪ್ರದಾಯವನ್ನು ಓದಿದವರೇ ಎಂಬ ಶಂಕೆ ಬಾರದಿರದು. ನಾಟ್ಯವು ಸರ್ವವರ್ಣದವರಿಗೂ ಸಲ್ಲತಕ್ಕ ಪಂಚಮವೇದವೆಂದು ಸಾರಿದುದು ಭರತಮುನಿಯ ಶಾಸ್ತ್ರವೇ. ‘ಮೃಚ್ಛಕಟಿಕ’ದ ಮೂರನೆಯ ಅಂಕದಲ್ಲಿ ಶರ್ವಿಲಕನೆಂಬ ಬ್ರಾಹ್ಮಣನು ಕನ್ನ ಕೊರೆಯಲು ಅಳತೆಯ ದಾರವಿಲ್ಲದೆ ತನ್ನ ಯಜ್ಞೋಪವೀತದಿಂದಲೇ ಗೋಡೆಯನ್ನು ಅಳೆಯುತ್ತಾನೆ! ಇಷ್ಟಾಗಿಯೂ ಪಂಡಿತರು ಆ ನಾಟಕವನ್ನು ಶಿಷ್ಯರಿಗೆ ಪಾಠ ಹೇಳುತ್ತಲೇ ಬಂದರು. ಕಳ್ಳನ ಜನಿವಾರದಿಂದ ಕೆಡದ ಧರ್ಮವು ನಾರಣಪ್ಪನ ಹೆಣದಿಂದ ಕೆಡುವುದೆಂದರೆ ಅದನ್ನು ಕಾಯುತ್ತೇವೆನ್ನುವವರಿಗೇ ಅದರಲ್ಲಿ ನಂಬಿಕೆ ಸಾಲದು.

‘ಬ್ರಾಹ್ಮಣನಿಂದೆಯಲ್ಲವೇ?’ ಎನ್ನುವರು. ಕಥೆಯಲ್ಲಿರುವುದು ಒಂದು ಪ್ರಶ್ನೆ: ಆಚಾರವನ್ನು ಬಿಟ್ಟರೂ ಬಹಿಷ್ಕಾರಕ್ಕೆ ಒಳಗಾಗದೆ ಸತ್ತ ಬ್ರಾಹ್ಮಣನ ದಹನವನ್ನು ಯಾರು ಮಾಡತಕ್ಕದ್ದು? ಪ್ರಾಣೇಶಾಚಾರ್ಯರು ತಾಳೆಗರಿಗಳನ್ನೆಲ್ಲ ಶೋಧಿಸುತ್ತಾರೆ, ಮಾರುತಿಯ ಪ್ರಸಾದಕ್ಕಾಗಿ ಕಾಯುತ್ತಾರೆ, ಉತ್ತರ ದೊರೆಯುವುದಿಲ್ಲ. ಹೀಗೆ ಶ್ರದ್ಧೆಯಿಂದ ಹುಡುಕಿದವನು ಕಥಾನಾಯಕನಾಗಿರುವಲ್ಲಿ ನಿಂದೆಯೆಲ್ಲಿ? ಚಂದ್ರಿಯ ಬಂಗಾರದ ಮೇಲೆ ಕಣ್ಣಿಟ್ಟವರ ಚಿತ್ರ ಕಹಿಯಾದುದೇ ಸರಿ. ಆದರೆ ಅಂಥವರು ಯಾವ ಅಗ್ರಹಾರದಲ್ಲಿ ಇರಲಿಲ್ಲ?

ಈ ಗದ್ದಲದಿಂದಾದ ನಿಜವಾದ ನಷ್ಟವೇ ಬೇರೆ. ಚಿತ್ರವನ್ನು ಚಿತ್ರವೆಂದು ಪರೀಕ್ಷಿಸುವ ಕಾರ್ಯವು ಹಿಂದೆ ಬಿದ್ದಿತು. ವಿರೋಧಿಗಳು ಅಪಚಾರವೆಂದು ಕೂಗಿದರು, ಅಭಿಮಾನಿಗಳು ಧೈರ್ಯವೆಂದು ಹೊಗಳಿದರು. ಈ ಕೃತಿಯನ್ನು ತೆರೆಗೆ ತರುವುದರ ಕಾಠಿನ್ಯವನ್ನು ಕುರಿತು ಇಬ್ಬರೂ ಹೆಚ್ಚಾಗಿ ಯೋಚಿಸಲಿಲ್ಲ. ಕೊಳೆಯುವ ಹೆಣದ ನಾತವನ್ನು ಲೇಖನಿ ಒಂದು ವಾಕ್ಯದಲ್ಲಿ ಮೂಗಿಗೆ ಮುಟ್ಟಿಸುತ್ತದೆ, ಕ್ಯಾಮರಾಕ್ಕೆ ಮೂಗಿಲ್ಲ. ಹೆಣವೆತ್ತುವವರೆಗೆ ಅನ್ನವಿಲ್ಲದ ಅಗ್ರಹಾರದ ಹಸಿವನ್ನಾದರೋ ಮುಖಗಳಲ್ಲಿ ಕಾಣಿಸಬಹುದು. ಅದಕ್ಕೂ ಕಠಿನವಾದುದು ಕೊನೆಯ ಭಾಗ. ಪುಟ್ಟನು ದಾರಿಯುದ್ದಕ್ಕೂ ಹರಟುತ್ತಾನೆ. ಆಚಾರ್ಯರು ಒಳಗೊಳಗೇ ಬೇಯುತ್ತಾರೆ. ಕಾದಂಬರಿಯಲ್ಲಿ ಓದುಗನಿಗೆ ಎರಡೂ ಕೇಳಿಸುತ್ತವೆ. ತೆರೆಯ ಮೇಲೆ ಹರಟೆಯೊಂದೇ ಕೇಳಿಸತಕ್ಕದ್ದು. ಸೂತಕದಲ್ಲಿದ್ದೂ ಮೇಳಿಗೆಯ ದೇವಸ್ಥಾನದ ಪಂಕ್ತಿಯಲ್ಲಿ ಆಚಾರ್ಯರು ಕುಳಿತಾಗ ಅವರನ್ನು ನಡುಗಿಸುವ ಭೀತಿ ಪುಟಗಳಲ್ಲಿ ತುಂಬಿದೆ. ಕಣ್ಣಿಗೆ ಮಾತ್ರ ಅದು ಎಲೆಯ ಮುಂದೆ ಕುಳಿತ ಒಬ್ಬ ಬ್ರಾಹ್ಮಣನಷ್ಟೆ. ಇಂಥ ಸ್ಥಳಗಳಲ್ಲಿ, ಚಿತ್ರಕಥೆಯನ್ನೂ ಬರೆದು ಆಚಾರ್ಯರ ಪಾತ್ರವನ್ನೂ ವಹಿಸಿದ ಗಿರೀಶ ಕಾರ್ನಾಡರ ಮುಖವು ಆ ಭಾರವನ್ನು ಎಷ್ಟರಮಟ್ಟಿಗೆ ಹೊತ್ತಿತು? ಚಿತ್ರವನ್ನು ಖಂಡಿಸಬೇಕೆನ್ನುವವರು ಮೊದಲು ಅದನ್ನು ನೋಡಿ ಇದಕ್ಕೆ ಉತ್ತರ ಹೇಳಲಿ.