ಮೂಕಿ ಚಿತ್ರದ ಪಿಟೀಲುಗಾರ

ಹಿನ್ನೆಲೆ ಸಂಗೀತ ಎಂದ ಮಾತ್ರಕ್ಕೆ ಅದು ಹಿನ್ನೆಲೆಯಲ್ಲೇ ಉಳಿಯಬೇಕೆ? ಚಿತ್ರವನ್ನು ಜನ ಮರೆತರೂ ಅದರ ಸಂಗೀತ ಮಾತ್ರ ಬದುಕಿ ಉಳಿದದ್ದಕ್ಕೆ ನಿದರ್ಶನ ಮೆಕ್ಸಿಕೊದ ಸಿಲ್ವೆಸ್ತ್ರೆ ರೆವುಯೆಲ್ತಾಸ್. ನಮ್ಮಲ್ಲಿ ಈತನ ಹೆಸರು ಕೇಳಿದವರು ವಿರಳ.

1899ರ ಡಿಸೆಂಬರ್ 31ರಂದು ದುರಾಂಗೊ ರಾಜ್ಯದ ಸಣ್ಣ ಊರೊಂದರಲ್ಲಿ, ವ್ಯಾಪಾರಿಯ ಮಗನಾಗಿ ಹುಟ್ಟಿದ ಈತ ಬಾಲ್ಯದಲ್ಲೇ ಪಿಟೀಲು ಹಿಡಿದ. ತಮ್ಮಂದಿರಲ್ಲಿ ಫೆರ್ಮಿನ್ ಚಿತ್ರಕಾರನಾದ, ಹೊಸೆ ಸಾಹಿತಿಯಾದ. ತಂಗಿ ರೊಸೌರಾ ನಟಿಯಾದಳು. ಅಪ್ಪನ ಅಂಗಡಿಯ ಗಲ್ಲಾಪೆಟ್ಟಿಗೆಗೆ ಈ ನಾಲ್ವರಲ್ಲಿ ಒಬ್ಬರೂ ಒದಗಲಿಲ್ಲ!

ಅಮೆರಿಕದ ಆಸ್ಟಿನ್, ಷಿಕಾಗೊಗಳಲ್ಲಿ ಓದಿದ ರೆವುಯೆಲ್ತಾಸ್, ಹೊಟ್ಟೆಪಾಡಿಗಾಗಿ ಟೆಕ್ಸಾಸ್ ಮತ್ತು ಅಲಬಾಮಾದ ಚಿತ್ರಮಂದಿರಗಳಲ್ಲಿ ಪಿಟೀಲು ನುಡಿಸಿದ. ಅದು ಮೂಕಿ ಚಿತ್ರಗಳ ಕಾಲ. ಪರದೆಯ ಮೇಲೆ ಚಿತ್ರ ಓಡುತ್ತಿದ್ದರೆ ಕೆಳಗೆ ವಾದ್ಯವೃಂದ ಕುಳಿತು ನುಡಿಸಬೇಕು. ಮುಂದೆ ಚಿತ್ರಗಳಿಗೆ ಸಂಗೀತ ಬರೆಯಲಿದ್ದವನಿಗೆ ಇದಕ್ಕಿಂತ ಒಳ್ಳೆಯ ಪಾಠಶಾಲೆ ಸಿಗುವುದು ಕಷ್ಟ. 1929ರಲ್ಲಿ ಸಂಗೀತಗಾರ ಕಾರ್ಲೊಸ್ ಚಾವೆಸ್ ಕರೆದಾಗ ತಾಯ್ನಾಡಿಗೆ ಮರಳಿ ಮೆಕ್ಸಿಕೊ ಸಿಂಫನಿ ವಾದ್ಯವೃಂದದ ಸಹಾಯಕ ನಿರ್ದೇಶಕನಾದ.

1936ರಲ್ಲಿ ತೆರೆಕಂಡ 'ರೆದೆಸ್' (ಬಲೆಗಳು) ಆತನ ಮೊದಲ ದೊಡ್ಡ ಚಿತ್ರ. ಕಥೆ ವೆರಾಕ್ರೂಸ್ ಕರಾವಳಿಯ ಬೆಸ್ತರದು. ನಟಿಸಿದವರಲ್ಲೂ ಬಹುಪಾಲು ಅಲ್ಲಿಯ ಬೆಸ್ತರೇ. ಔಷಧಿಗೆ ಹಣವಿಲ್ಲದೆ ಮಗುವನ್ನು ಕಳೆದುಕೊಂಡ ತಂದೆ, ಮೀನಿಗೆ ನ್ಯಾಯವಾದ ಬೆಲೆ ಕೇಳಿ ಜೊತೆಗಾರರನ್ನು ಒಗ್ಗೂಡಿಸುತ್ತಾನೆ. ಮಾತು ಕಡಿಮೆ ಇರುವ ಈ ಚಿತ್ರದಲ್ಲಿ ಬೆಸ್ತರು ಹೇಳದೆ ಬಿಟ್ಟದ್ದನ್ನು ಸಂಗೀತ ಹೇಳುತ್ತದೆ. ಮಗುವಿನ ಶವಯಾತ್ರೆಯ ದೃಶ್ಯದಲ್ಲೂ ಅದು ನೋಡುಗರ ಕಣ್ಣೀರಿಗಾಗಿ ಗೋಗರೆಯುವುದಿಲ್ಲ. ಭಾರವಾದ ಹೆಜ್ಜೆ ಹಾಕುತ್ತದೆ.

'ಪಾಂಚೊ ವಿಯಾ' ಕುರಿತ ಚಿತ್ರಕ್ಕೆ ಸಂಗೀತ ಬರೆದದ್ದಲ್ಲದೆ, ಅದರಲ್ಲಿ ಹೆಂಡದಂಗಡಿಯ ಪಿಯಾನೊ ವಾದಕನಾಗಿಯೂ ಈತ ಕಾಣಿಸಿಕೊಂಡಿದ್ದಾನೆ. ಪಿಯಾನೊ ನುಡಿಸುವವನಿಗೆ ಗುಂಡು ಹೊಡೆಯಬೇಡಿ ಎಂಬ ಫಲಕ ಹಿಡಿಯುವ ಪಾತ್ರ! ನಿಜ ಜೀವನದಲ್ಲಿ ಕುಡಿತ ಈತನನ್ನು ಬಿಡಲಿಲ್ಲ. 1940ರ ಅಕ್ಟೋಬರ್ 5ರಂದು ನ್ಯುಮೋನಿಯಾದಿಂದ ತೀರಿಕೊಂಡಾಗ ವಯಸ್ಸು ಕೇವಲ ನಲವತ್ತು.

ಸಾಯುವ ಹಿಂದಿನ ವರ್ಷ ಬಂದ 'ಮಾಯಾ ಜನರ ರಾತ್ರಿ' ಚಿತ್ರವನ್ನು ಇಂದು ನೋಡುವವರು ಕಡಿಮೆ. ಆದರೆ ಅದರ ಸಂಗೀತವನ್ನು ಹೊಸೆ ಈವ್ಸ್ ಲಿಮಾಂತೂರ್ 1960ರ ಸುಮಾರಿಗೆ ನಾಲ್ಕು ಭಾಗಗಳ ಕೃತಿಯಾಗಿ ಜೋಡಿಸಿದ. ಇದರಲ್ಲಿ ರೆವುಯೆಲ್ತಾಸ್‌ನದೆಷ್ಟು, ಲಿಮಾಂತೂರ್‌ನದೆಷ್ಟು ಎಂಬ ಚರ್ಚೆ ಉಂಟು. ಅದೇನೇ ಇರಲಿ, ಕೃತಿ ಕಛೇರಿಗಳಲ್ಲಿ ನಿಂತಿತು. ವೆನೆಜುವೆಲಾದ ಯುವ ವಾದ್ಯವೃಂದವೂ ಗುಸ್ತಾವೊ ದುದಾಮೆಲ್ ನಿರ್ದೇಶನದಲ್ಲಿ ಅದನ್ನು ಧ್ವನಿಮುದ್ರಿಸಿದೆ. ಕೊನೆಯ ಭಾಗದಲ್ಲಿ ತಾಳವಾದ್ಯಗಾರರ ದೊಡ್ಡ ದಂಡೇ ಇರುತ್ತದೆ. ಜೊತೆಗೆ ಒಬ್ಬರು ಶಂಖ ಊದಬೇಕು.