ಗೇಮಿನ ಬೀಗದ ಕೈ ಇನ್ನೊಬ್ಬರ ಹತ್ತಿರ

ಮೊಬೈಲ್ ಗೇಮ್ ತೆರೆದ ಕೂಡಲೇ ಫೇಸ್‌ಬುಕ್‌ನ ನೀಲಿ ಬಟನ್ ಒತ್ತಿ ಒಳಗೆ ಹೋಗುವ ಮಕ್ಕಳು ಯಾವ ಬೀದಿಯಲ್ಲಿ ಹುಡುಕಿದರೂ ಸಿಗುತ್ತಾರೆ. ಆ ಬಟನ್ 2027ರ ಮೇ ತಿಂಗಳ ನಂತರವೂ ಅವರಿಗೆಲ್ಲ ಬಾಗಿಲು ತೆರೆದೀತು ಎಂದು ನಂಬಿ ಕೂರುವ ಹಾಗಿಲ್ಲ. ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆ 2023ರಲ್ಲೇ ಬಂದಿದೆ. ಅದರ ನಿಯಮಗಳು ಹೊರಬಿದ್ದದ್ದು 2025ರ ನವೆಂಬರ್‌ನಲ್ಲಿ. ಮುಖ್ಯ ಕಲಮುಗಳು ಜಾರಿಯಾಗಲು ಆಗ ಕೊಟ್ಟ ಗಡುವು 18 ತಿಂಗಳು. ಈ ಕಾಯ್ದೆಯ ಲೆಕ್ಕದಲ್ಲಿ 18 ವರ್ಷ ತುಂಬದವರೆಲ್ಲ ಮಕ್ಕಳೇ. ಅವರ ಮಾಹಿತಿಯನ್ನು ಮುಟ್ಟುವ ಮುನ್ನ ಕಂಪನಿ ಅಪ್ಪ ಅಮ್ಮನ ಒಪ್ಪಿಗೆ ಪಡೆಯಬೇಕು. ಟಿಕ್ ಗುರುತು ಹಾಕಿಸಿಕೊಂಡರೆ ಸಾಲದು, ಒಪ್ಪಿಗೆ ಕೊಟ್ಟವರು ನಿಜಕ್ಕೂ ಪೋಷಕರೇ ಎಂದು ಪರಿಶೀಲಿಸಬೇಕು. ಮಕ್ಕಳ ಚಲನವಲನದ ಮೇಲೆ ಕಣ್ಣಿಡುವುದನ್ನೂ ಅವರಿಗೆ ಗುರಿಯಿಟ್ಟು ಜಾಹೀರಾತು ತೋರಿಸುವುದನ್ನೂ ಕಾಯ್ದೆ ನಿಷೇಧಿಸಿದೆ.

ಒಳ್ಳೆಯ ಕಾಯ್ದೆಯೇ. ತೊಡಕು ಇರುವುದು ಮಕ್ಕಳು ಇಲ್ಲಿಯವರೆಗೆ ಮಾಡಿಕೊಂಡು ಬಂದಿರುವುದರಲ್ಲಿ. 13 ತುಂಬದವರಿಗೆ ಖಾತೆ ಇಲ್ಲ ಎನ್ನುತ್ತದೆ ಫೇಸ್‌ಬುಕ್. ಹತ್ತು ವರ್ಷದ ಹುಡುಗ ಹುಟ್ಟಿದ ವರ್ಷದ ಪಟ್ಟಿಯನ್ನು ಸರ್ರನೆ ಕೆಳಗೆಳೆದು 1998ಕ್ಕೋ 2000ಕ್ಕೋ ನಿಲ್ಲಿಸಿ ಮುಂದೆ ಹೋಗುತ್ತಾನೆ. ಅವನಿಗೆ ಬೇಕಿದ್ದದ್ದು ಫೇಸ್‌ಬುಕ್ ಅಲ್ಲ, ಗೇಮ್. ಆ ಖಾತೆಯಲ್ಲಿ ಫೋಟೊ ಇರುವುದಿಲ್ಲ, ಗೆಳೆಯರಿರುವುದಿಲ್ಲ, ಹೆಸರೂ ಒಂದು ಅಡ್ಡಹೆಸರು. ವಯಸ್ಸಿನ ತಪಾಸಣೆ ಬಿಗಿಯಾದ ದಿನ ಮೊದಲು ಅನುಮಾನಕ್ಕೆ ಬೀಳುವುದು ಇಂಥ ಖಾತೆಗಳೇ. ಖಾತೆ ಮುಚ್ಚಿದರೆ ಅದಕ್ಕೆ ನೇತುಹಾಕಿದ್ದ ಗೇಮೂ ಕೈಬಿಟ್ಟ ಹಾಗೆ.

ಇದು ಊಹಾಪೋಹವಲ್ಲ. ಆಸ್ಟ್ರೇಲಿಯಾದಲ್ಲಿ 16 ವರ್ಷದೊಳಗಿನವರು ಸೋಷಿಯಲ್ ಮೀಡಿಯಾ ಖಾತೆ ಇಟ್ಟುಕೊಳ್ಳುವಂತಿಲ್ಲ ಎಂಬ ಕಾನೂನು 2025ರ ಡಿಸೆಂಬರ್ 10ರಂದು ಜಾರಿಗೆ ಬಂತು. ಫೇಸ್‌ಬುಕ್, ಇನ್‌ಸ್ಟಾಗ್ರಾಮ್, ಟಿಕ್‌ಟಾಕ್, ಎಕ್ಸ್, ಯೂಟ್ಯೂಬ್ ಎಲ್ಲವೂ ಆ ಪಟ್ಟಿಯಲ್ಲಿವೆ. ಮೆಟಾ ಕಂಪನಿ ಗಡುವಿಗೂ ಮುಂಚೆ, ಡಿಸೆಂಬರ್ 4ರಿಂದಲೇ ಖಾತೆಗಳನ್ನು ತೆಗೆಯಲು ಶುರುಮಾಡಿತು. ತಮಾಷೆ ನೋಡಿ, ಆಟವಾಡುವುದೇ ಮುಖ್ಯ ಉದ್ದೇಶವಾಗಿರುವ ಗೇಮ್‌ಗಳಿಗೆ ಆ ಕಾನೂನಿನಲ್ಲಿ ವಿನಾಯಿತಿ ಇದೆ. ಅಂದರೆ ಹದಿನಾಲ್ಕರ ಹುಡುಗಿ ಗೇಮ್ ಆಡಬಹುದು, ಗೇಮಿನೊಳಗೆ ಹೋಗಲು ಬಳಸುತ್ತಿದ್ದ ಖಾತೆಯನ್ನು ಮಾತ್ರ ಇಟ್ಟುಕೊಳ್ಳುವಂತಿಲ್ಲ. ಮನೆ ಅವಳದು, ಬೀಗದ ಕೈ ಪಕ್ಕದ ಮನೆಯವರದು, ಅವರೋ ಮನೆ ಖಾಲಿ ಮಾಡಿ ಹೋದರು. ನಮ್ಮಲ್ಲೂ ಮಕ್ಕಳ ಸೋಷಿಯಲ್ ಮೀಡಿಯಾಗೆ ವಯಸ್ಸಿನ ಮಿತಿ ಹಾಕಬೇಕೆಂಬ ಚರ್ಚೆ ಜೋರಾಗಿಯೇ ನಡೆದಿದೆ. ಆ ಚರ್ಚೆಯಲ್ಲಿ ಗೇಮ್ ಲಾಗಿನ್‌ನ ಮಾತು ಎತ್ತಿದವರು ಕಡಿಮೆ.

ಲಾಗಿನ್ ಖಾತೆ ಹೋದರೆ ಗೇಮ್ ಕಂಪನಿಗೆ ಒಂದು ಮೇಲ್ ಹಾಕಿದರೆ ಸರಿಮಾಡಿ ಕೊಡುವುದಿಲ್ಲವೇ ಎಂದು ಕೇಳುವವರಿದ್ದಾರೆ. ಸುಲಭವಿಲ್ಲ. ಫೇಸ್‌ಬುಕ್ ಮೂಲಕ ಲಾಗಿನ್ ಆದಾಗ ಗೇಮ್ ಕಂಪನಿಗೆ ನಮ್ಮ ಪಾಸ್‌ವರ್ಡ್ ಹೋಗುವುದಿಲ್ಲ. ಹೋಗುವುದು ಒಂದು ಟೋಕನ್ ಮತ್ತು ಆ ಗೇಮಿಗೆಂದೇ ಹುಟ್ಟಿಸಿದ ಒಂದು ಉದ್ದನೆಯ ಸಂಖ್ಯೆ. ಒಬ್ಬನೇ ವ್ಯಕ್ತಿ ಬೇರೆ ಕಂಪನಿಯ ಗೇಮಿಗೆ ಹೋದರೆ ಅಲ್ಲಿ ಅವನ ಸಂಖ್ಯೆ ಬೇರೆ. ಗೇಮಿನ ಸರ್ವರ್‌ನಲ್ಲಿ ಲೆವೆಲ್, ಸ್ಕಿನ್, ದುಡ್ಡು ಕೊಟ್ಟು ಕೊಂಡ ಡೈಮಂಡ್ ಎಲ್ಲವೂ ಆ ಸಂಖ್ಯೆಯ ಹೆಸರಲ್ಲಿ ಕೂತಿರುತ್ತವೆ. ಹಳೆಯ ಫೇಸ್‌ಬುಕ್ ಹೋಯಿತೆಂದು ಅದೇ ಹೆಸರು, ಅದೇ ಫೋಟೊ ಹಾಕಿ ಹೊಸದು ತೆರೆದರೆ ಸಂಖ್ಯೆಯೂ ಹೊಸದು. ಗೇಮಿನ ಪಾಲಿಗೆ ಬಂದವನು ಅಪರಿಚಿತ.

ಹುಬ್ಬಳ್ಳಿಯ ಮೊಬೈಲ್ ರಿಪೇರಿ ಅಂಗಡಿಯೊಂದರಲ್ಲಿ ಅರ್ಧ ಗಂಟೆ ನಿಂತರೆ ಇದರ ದೇಸಿ ರೂಪ ಕಾಣುತ್ತದೆ. ಹೈಸ್ಕೂಲ್ ಹುಡುಗ ಫೋನ್ ಚಾಚಿ, "ಅಣ್ಣಾ, ಐಡಿ ವಾಪಸ್ ಬರತೈತೇನ?" ಎನ್ನುತ್ತಾನೆ. ಪರದೆಯ ಮೇಲೆ ಕೋಡ್ ಕೇಳುವ ಖಾಲಿ ಚೌಕ, ಅದರ ಮೇಲೆ ಕೊನೆಯ ಎರಡು ಅಂಕಿ ಮಾತ್ರ ಕಾಣುವ ಒಂದು ನಂಬರ್. "ಯಾರ ನಂಬರ್ ಮ್ಯಾಲೆ ಫೇಸ್‌ಬುಕ್ ತಗದಿದ್ದಿ?" "ಮಾಮಾಂದು, ಹಳೇ ನಂಬರ್." "ಸಿಮ್ ಎಲ್ಲೈತಿ?" "ರಿಚಾರ್ಜ್ ಮಾಡಸ್ಲಿಲ್ಲ ಅವರು, ಬಂದ್ ಆತು." ಅಂಗಡಿಯವ ಫೋನನ್ನು ಮಾತಿಲ್ಲದೆ ಗಾಜಿನ ಮೇಲಿಡುತ್ತಾನೆ.

ಬಂದ್ ಆದ ನಂಬರನ್ನು ಮೊಬೈಲ್ ಸೇವಾ ಕಂಪನಿಗಳು ಕನಿಷ್ಠ 90 ದಿನ ಯಾರಿಗೂ ಕೊಡುವುದಿಲ್ಲ. ಸುಪ್ರೀಂ ಕೋರ್ಟಿಗೆ ದೂರಸಂಪರ್ಕ ನಿಯಂತ್ರಣ ಪ್ರಾಧಿಕಾರ ಟ್ರಾಯ್ 2023ರಲ್ಲಿ ಹೇಳಿದ್ದೂ ಇದನ್ನೇ. ಆ ಅವಧಿ ಕಳೆದ ಮೇಲೆ ನಂಬರ್ ಯಾರ ಜೇಬು ಸೇರುತ್ತದೋ ಕೋಡ್ ಕೂಡ ಅವರ ಜೇಬಿಗೇ ಬೀಳುತ್ತದೆ. ಸೋದರಮಾವನ ಸಿಮ್ಮು, ಅಕ್ಕನ ಇಮೇಲು, ಗೆಳೆಯನ ಫೋನು ಸೇರಿ ಹುಟ್ಟಿದ ಖಾತೆಗೆ ಸಾವಿರಾರು ರೂಪಾಯಿ ಸುರಿದಿರುತ್ತಾರೆ. ಕೈಕೊಟ್ಟಾಗ ದೂರು ಕೊಡಲು ಹೋದರೆ, ಅದು ನಿಮ್ಮದೇ ಎನ್ನುವುದಕ್ಕೆ ಗುರುತೇನು ಎಂಬ ಪ್ರಶ್ನೆಗೆ ಉತ್ತರವೇ ಇರುವುದಿಲ್ಲ.

ಎಚ್ಚರಿಕೆಯ ಗಂಟೆ ಮೊದಲ ಸಲ ಬಾರಿಸುತ್ತಿರುವುದೂ ಅಲ್ಲ. 2018ರ ಸೆಪ್ಟೆಂಬರ್‌ನಲ್ಲಿ ಫೇಸ್‌ಬುಕ್‌ನಿಂದ ಲಾಗಿನ್ ಟೋಕನ್‌ಗಳು ಕಳವಾದಾಗ ಸುಮಾರು 9 ಕೋಟಿ ಖಾತೆಗಳನ್ನು ಕಂಪನಿಯೇ ಲಾಗೌಟ್ ಮಾಡಿತು. 2020ರ ಮೇ ತಿಂಗಳಲ್ಲಿ ಫೇಸ್‌ಬುಕ್ ತನ್ನ ಸರ್ವರ್‌ನಲ್ಲಿ ಮಾಡಿದ ಒಂದು ಬದಲಾವಣೆಗೆ, ಅದರ ಎಸ್‌ಡಿಕೆ, ಅಂದರೆ ಆ್ಯಪಿನೊಳಗೆ ಸೇರಿಸುವ ಅದರ ಕೋಡ್, ಇಟ್ಟುಕೊಂಡಿದ್ದ ಐಫೋನ್ ಆ್ಯಪ್‌ಗಳು ತೆರೆದ ತಕ್ಷಣ ಮುಚ್ಚಿಕೊಂಡವು. ಬಳಕೆದಾರ ಫೇಸ್‌ಬುಕ್ ಬಟನ್ ಒತ್ತದಿದ್ದರೂ ಹಾಗೇ ಆಯಿತು. ಎರಡು ತಿಂಗಳು ಬಿಟ್ಟು ಜುಲೈನಲ್ಲಿ ಅದೇ ಕತೆ. ಅದೇ ವರ್ಷ ಫೋರ್ಟ್‌ನೈಟ್ ವಿಚಾರದಲ್ಲಿ ಎಪಿಕ್ ಮತ್ತು ಆ್ಯಪಲ್ ಕೋರ್ಟ್ ಮೆಟ್ಟಿಲೇರಿದವು. ಆ್ಯಪಲ್ ಖಾತೆಯ ಮೂಲಕ ಎಪಿಕ್ ಗೇಮ್‌ಗಳಿಗೆ ಲಾಗಿನ್ ಆಗುವ ದಾರಿ ಸೆಪ್ಟೆಂಬರ್ 11ಕ್ಕೆ ಮುಚ್ಚುತ್ತದೆ, ಕೂಡಲೇ ಇಮೇಲ್ ಬದಲಿಸಿಕೊಳ್ಳಿ ಎಂದು ಎಪಿಕ್ ಆಟಗಾರರಿಗೆ ಹೇಳಿತು. ಕೊನೆ ಗಳಿಗೆಯಲ್ಲಿ ಆ್ಯಪಲ್ ಗಡುವು ಮುಂದೂಡಿತು. ಇಬ್ಬರು ಧಣಿಗಳ ಜಗಳದಲ್ಲಿ ಆಟಗಾರನನ್ನು ಕೇಳಿದವರು ಯಾರು?

2021ರ ಅಕ್ಟೋಬರ್‌ನ ಎರಡು ದಿನಗಳಂತೂ ಈ ಇಡೀ ವಿಷಯದ ಸಾರ. ಅಕ್ಟೋಬರ್ 4ರ ರಾತ್ರಿ, ನಮ್ಮಲ್ಲಿ ಊಟದ ಹೊತ್ತು, ಫೇಸ್‌ಬುಕ್, ಇನ್‌ಸ್ಟಾಗ್ರಾಮ್, ವಾಟ್ಸ್ಆ್ಯಪ್ ಮೂರೂ ಒಟ್ಟಿಗೆ ಬಿದ್ದವು. ನಿರ್ವಹಣೆಯ ಕೆಲಸದಲ್ಲಿ ಕೊಟ್ಟ ಒಂದು ತಪ್ಪು ಆದೇಶ ಕಂಪನಿಯ ಡೇಟಾ ಸೆಂಟರ್‌ಗಳ ನಡುವಿನ ಸಂಪರ್ಕವನ್ನೇ ಕಡಿದಿತ್ತು. ಹೆಚ್ಚುಕಡಿಮೆ ಆರು ಗಂಟೆ ಫೇಸ್‌ಬುಕ್ ಲಾಗಿನ್ ಇದ್ದ ಗೇಮ್‌ಗಳಿಗೆ ಹೊಸದಾಗಿ ಒಳಹೋಗಲು ದಾರಿ ಇರಲಿಲ್ಲ. ಮರುದಿನ, ಅಕ್ಟೋಬರ್ 5ರಿಂದ, ಅದಕ್ಕೂ ಇದಕ್ಕೂ ಸಂಬಂಧವಿಲ್ಲದ ಹೊಸ ನಿಯಮ ಬಂತು. ಆ್ಯಂಡ್ರಾಯ್ಡ್ ಗೇಮಿನ ಒಳಗೇ ಪುಟ್ಟ ಕಿಟಕಿ ತೆರೆದು ಫೇಸ್‌ಬುಕ್ ಪಾಸ್‌ವರ್ಡ್ ಕೇಳುವ ಪದ್ಧತಿಗೆ ಫೇಸ್‌ಬುಕ್ ಬೆಂಬಲ ನಿಲ್ಲಿಸಿತು. ಕಾರಣ ನ್ಯಾಯವಾದದ್ದೇ, ಅಂಥ ಕಿಟಕಿಯಲ್ಲಿ ಪಾಸ್‌ವರ್ಡ್ ಕದಿಯುವುದು ಸುಲಭ. ಆದರೆ ಬಡ ಫೋನಿನಲ್ಲಿ ಜಾಗ ಸಾಲದೆ ಫೇಸ್‌ಬುಕ್ ಆ್ಯಪ್ ತೆಗೆದುಹಾಕಿದ್ದ ಹುಡುಗನಿಗೆ ತಿಳಿದದ್ದು ಇಷ್ಟೇ: ನಿನ್ನೆ ರಾತ್ರಿ ಕೆಟ್ಟದ್ದು ಇವತ್ತೂ ಸರಿಹೋಗಿಲ್ಲ.

ಹಾಗೆಂದು ಸೋಷಿಯಲ್ ಮೀಡಿಯಾ ಲಾಗಿನ್ ಬರೀ ಕೇಡು ಎಂದರೆ ಅನ್ಯಾಯವಾದೀತು. 2020ರ ಸೆಪ್ಟೆಂಬರ್ 2ರಂದು ಕೇಂದ್ರ ಸರ್ಕಾರ ಪಬ್‌ಜಿ ಮೊಬೈಲ್ ಸೇರಿ 118 ಆ್ಯಪ್‌ಗಳನ್ನು ನಿಷೇಧಿಸಿತು. ಮುಂದಿನ ವರ್ಷ ಅದರ ಭಾರತದ ರೂಪವಾಗಿ ಬಿಜಿಎಂಐ ಬಂದಾಗ ಹಳೆಯ ಸರಕನ್ನು ಹೊಸ ಗೇಮಿಗೆ ತಂದುಕೊಳ್ಳಲು ಆಟಗಾರರಿಗೆ ನೆರವಾದದ್ದು ಫೇಸ್‌ಬುಕ್, ಟ್ವಿಟರ್ ಖಾತೆಗಳೇ. ಯಾವ ಖಾತೆಯನ್ನೂ ಜೋಡಿಸದೆ ಗೆಸ್ಟ್ ಆಗಿ ಆಡಿದವರ ಪಾಡು ಅದಕ್ಕಿಂತ ಕಷ್ಟದ್ದು. ಒಂದೇ ಖಾತೆಯನ್ನು ನಂಬಿ ಕೂರಬಾರದು ಎನ್ನುವುದಷ್ಟೇ ಇಲ್ಲಿನ ವಾದ.

ಆದ್ದರಿಂದ ಗೇಮ್ ಈಗ ತೆರೆಯುತ್ತಿರುವಾಗಲೇ ಸೆಟ್ಟಿಂಗ್ಸ್‌ಗೆ ಹೋಗಿ, ಅಲ್ಲಿ ಲಿಂಕ್ ಅಥವಾ ಬೈಂಡ್ ಎಂದಿರುವ ಕಡೆ ಎರಡನೆಯ ಖಾತೆಯೊಂದನ್ನು ಸೇರಿಸಿಕೊಳ್ಳಬೇಕು. ಗೂಗಲ್, ಆ್ಯಪಲ್, ಇಮೇಲ್, ಕಂಪನಿಯದೇ ಸ್ವಂತ ಖಾತೆ, ಯಾವುದಾದರೂ ಸರಿ. ಆಡುವವರು ಮಕ್ಕಳಾದರೆ ಅದು ಪೋಷಕರಿಗೂ ಗೊತ್ತಿರುವ, ನಿಜವಾದ ವಯಸ್ಸು ಹಾಕಿದ ಖಾತೆಯಾಗಿರಲಿ. ಪ್ರೊಫೈಲ್ ಪುಟದಲ್ಲಿರುವ ಆಟಗಾರನ ಐಡಿ ಸಂಖ್ಯೆಯನ್ನು ಒಂದು ಕಡೆ ಬರೆದಿಟ್ಟುಕೊಳ್ಳಿ. ದುಡ್ಡು ಕೊಟ್ಟು ಏನಾದರೂ ಕೊಂಡಿದ್ದರೆ ಗೂಗಲ್ ಕಳಿಸುವ ರಸೀದಿಯನ್ನು ಅಳಿಸಬೇಡಿ. ಜಿಪಿಎ ಎಂದು ಶುರುವಾಗುವ ಅದರ ಆರ್ಡರ್ ಸಂಖ್ಯೆ ಮುಂದೆ ನಿಮ್ಮ ಕೈಲಿರುವ ಗಟ್ಟಿ ಪುರಾವೆ. ಫೇಸ್‌ಬುಕ್ ಖಾತೆಗೆ ಈಗ ಬಳಕೆಯಲ್ಲಿರುವ ನಂಬರ್ ಹಾಕಿ, ಹಳೆಯದನ್ನು ತೆಗೆಯಿರಿ.

ಈಗಾಗಲೇ ಲಾಗಿನ್ ಕೈಕೊಟ್ಟಿದ್ದರೆ ಮೊದಲು ನೋಡಬೇಕಾದದ್ದು ಎಲ್ಲರಿಗೂ ಹಾಗಾಗಿದೆಯೇ ಎಂದು. ಎಲ್ಲರಿಗೂ ಆಗಿದ್ದರೆ ಸುಮ್ಮನೆ ಕಾಯುವುದೇ ಮದ್ದು. ನಿಮಗೊಬ್ಬರಿಗೇ ಆದರೆ ಫೋನಿನ ದಿನಾಂಕ, ಸಮಯ ಸರಿಯಿದೆಯೇ ನೋಡಿ, ಗೇಮನ್ನೂ ಫೇಸ್‌ಬುಕ್ ಆ್ಯಪನ್ನೂ ಕ್ರೋಮನ್ನೂ ಅಪ್‌ಡೇಟ್ ಮಾಡಿ. ಫೇಸ್‌ಬುಕ್‌ನ ಸೆಟ್ಟಿಂಗ್ಸ್‌ನಲ್ಲಿ ಆ್ಯಪ್ ಮತ್ತು ವೆಬ್‌ಸೈಟ್‌ಗಳ ಪಟ್ಟಿ ಇರುತ್ತದೆ. ಬಹಳ ದಿನ ಆಡದಿದ್ದರೆ ಗೇಮಿಗೆ ಕೊಟ್ಟ ಅನುಮತಿಯ ಅವಧಿ ಮುಗಿದಿರುತ್ತದೆ, ಅಲ್ಲೇ ನವೀಕರಿಸಿ ಮತ್ತೆ ಲಾಗಿನ್ ಆದರೆ ಎಷ್ಟೋ ಸಲ ಸರಿಹೋಗುತ್ತದೆ. ಒಂದೇ ಒಂದು ಕೆಲಸ ಮಾತ್ರ ಬೇಡ. ಗೆಸ್ಟ್ ಆಗಿ ಆಡುತ್ತಿರುವ ಗೇಮನ್ನು ಡಿಲೀಟ್ ಮಾಡಿ ಮತ್ತೆ ಹಾಕಿಕೊಳ್ಳಬೇಡಿ, ಡೇಟಾ ಕ್ಲಿಯರ್ ಮಾಡಬೇಡಿ. ಗೆಸ್ಟ್ ಖಾತೆಯ ಗುರುತು ಸಾಮಾನ್ಯವಾಗಿ ಆ ಫೋನಿನಲ್ಲೇ ಇರುತ್ತದೆ, ಅಳಿಸಿದರೆ ಮುಗಿಯಿತು.

ಮಾಡ್ ಎಪಿಕೆ, ಅಂದರೆ ಯಾರೋ ತಿದ್ದಿದ ಗೇಮ್, ಹಾಕಿಕೊಂಡು ಲಾಗಿನ್ ಆಗುತ್ತಿಲ್ಲ ಎಂದು ಗೋಳಾಡುವವರಿಗೊಂದು ಮಾತು. ಪ್ರತಿ ಆ್ಯಂಡ್ರಾಯ್ಡ್ ಆ್ಯಪಿಗೂ ತಯಾರಕರ ಡಿಜಿಟಲ್ ಸಹಿ ಇರುತ್ತದೆ, ಫೇಸ್‌ಬುಕ್ ಆ ಸಹಿಯ ಹ್ಯಾಶ್ ತಾಳೆ ನೋಡುತ್ತದೆ. ಗೇಮನ್ನು ಒಡೆದು ತಿದ್ದಿದವನು ತನ್ನದೇ ಸಹಿ ಹಾಕಿರುತ್ತಾನೆ. ತಾಳೆಯಾಗದೆ ಬಾಗಿಲು ತೆರೆಯುವುದಿಲ್ಲ. ಅದನ್ನು ದಾಟಿಸುತ್ತೇನೆ, ಪಾಸ್‌ವರ್ಡ್ ಇಲ್ಲಿ ಹಾಕು ಎಂದು ಇನ್ನೊಂದು ಪುಟ ತೋರಿಸಿದರೆ ಅದು ಕದಿಯಲಿಕ್ಕೇ ಇಟ್ಟ ಪುಟ. ಪುಗಸಟ್ಟೆ ಯುಸಿ (ಬಿಜಿಎಂಐ ಒಳಗಿನ ನಾಣ್ಯ), ಪುಗಸಟ್ಟೆ ಡೈಮಂಡ್ ಎಂದು ಫೇಸ್‌ಬುಕ್ ಲಾಗಿನ್ ಕೇಳುವ ಪುಟಗಳೂ ಇದೇ ಜಾತಿ. ಹೋದ ಐಡಿ ತಂದುಕೊಡುತ್ತೇನೆ ಎಂದು ಟೆಲಿಗ್ರಾಂನಲ್ಲಿ ಮುಂಗಡ ಕೇಳುವವರು, ಒಟಿಪಿ ಕೇಳುವವರು ಮುಂದಿನ ತಿಂಗಳುಗಳಲ್ಲಿ ಹೆಚ್ಚಲಿದ್ದಾರೆ. ಬಾಗಿಲುಗಳು ಒಟ್ಟಿಗೆ ಮುಚ್ಚಿಕೊಂಡಾಗ ಇಂಥವರಿಗೆ ಸುಗ್ಗಿ. ದುಡ್ಡು ಹೋದರೆ ತಡಮಾಡದೆ 1930ಕ್ಕೆ ಕರೆ ಮಾಡಬೇಕು.

ಎಲ್ಲ ಹೊರೆಯನ್ನೂ ಆಟಗಾರನ ತಲೆಗೆ ಕಟ್ಟುವುದು ಸರಿಯಲ್ಲ. ಬೆಂಗಳೂರಿನಲ್ಲಿ ಗೇಮ್ ಮಾಡುವ ದೊಡ್ಡ ಕಂಪನಿಗಳಿವೆ, ಮೂರು ನಾಲ್ಕು ಜನ ಸೇರಿ ನಡೆಸುವ ಸ್ಟುಡಿಯೊಗಳೂ ಇವೆ. ಫೇಸ್‌ಬುಕ್ ಲಾಗಿನ್ ಇಟ್ಟುಕೊಂಡವರು ವರ್ಷಕ್ಕೊಮ್ಮೆ ದತ್ತಾಂಶ ಬಳಕೆಯ ಘೋಷಣೆಯನ್ನು ಮೆಟಾಗೆ ಸಲ್ಲಿಸಬೇಕು. ಆ ಇಮೇಲ್ ಯಾರ ಪೆಟ್ಟಿಗೆಗೆ ಬರುತ್ತದೆ? ಎಂದೋ ಕೆಲಸ ಬಿಟ್ಟ ಎಂಜಿನಿಯರ್‌ನದಕ್ಕೆ ಬರುತ್ತಿದ್ದರೆ, ಘೋಷಣೆ ತಪ್ಪಿ ಒಂದು ದಿನ ಗೇಮಿನ ಲಾಗಿನ್ನೇ ನಿಂತುಹೋಗಬಹುದು. ಪ್ಲೇ ಸ್ಟೋರ್ ಬಳಸುವ ಸಹಿಯ ಹ್ಯಾಶ್ ಸೇರಿಸಲು ಮರೆತು, ಆಫೀಸಿನ ಫೋನಿನಲ್ಲಿ ನಡೆಯುವ ಲಾಗಿನ್ ಹೊರಗಿನವರ ಫೋನಿನಲ್ಲಿ ನಡೆಯದೇ ಇರುವುದು ಈ ಕಸುಬಿನವರಿಗೆಲ್ಲ ಗೊತ್ತಿರುವ ಪೇಚಾಟ. ಇವೆಲ್ಲ ಒಂದು ಮಧ್ಯಾಹ್ನದ ಕೆಲಸ. ಯಾರೋ ಕೂತು ಮಾಡಬೇಕು ಅಷ್ಟೆ.

ಸರ್ಕಾರದ ಪಾಲೂ ಇದೆ. 2025ರ ಆಗಸ್ಟ್‌ನಲ್ಲಿ ಸಂಸತ್ತು ಒಪ್ಪಿದ ಆನ್‌ಲೈನ್ ಗೇಮಿಂಗ್ ಕಾಯ್ದೆ ದುಡ್ಡು ಕಟ್ಟಿ ಆಡುವ ಗೇಮ್‌ಗಳನ್ನು ನಿಷೇಧಿಸಿ, ಇ-ಸ್ಪೋರ್ಟ್ಸ್‌ಗೆ ಮಾನ್ಯತೆ ಕೊಟ್ಟಿದೆ, ಪ್ರಾಧಿಕಾರವೊಂದಕ್ಕೂ ಅವಕಾಶ ಮಾಡಿದೆ. ದತ್ತಾಂಶ ನಿಯಮಗಳಲ್ಲಿ ಇನ್ನೊಂದು ಅಂಶವಿದೆ: ದೇಶದಲ್ಲಿ 50 ಲಕ್ಷಕ್ಕೆ ಕಡಿಮೆಯಿಲ್ಲದ ನೋಂದಾಯಿತ ಬಳಕೆದಾರರಿರುವ ಗೇಮಿಂಗ್ ಕಂಪನಿಗಳು, ಮೂರು ವರ್ಷ ಇತ್ತ ತಲೆಹಾಕದವರ ವೈಯಕ್ತಿಕ ಮಾಹಿತಿಯನ್ನು 48 ಗಂಟೆ ಮುಂಚೆ ತಿಳಿಸಿ ಅಳಿಸಬೇಕು. ಖಾತೆ ತೆರೆಯಲು ಬೇಕಾದ ಮಾಹಿತಿಗೆ ವಿನಾಯಿತಿ ಇಟ್ಟಿದ್ದಾರೆ, ಅದು ಜಾಣತನ. ಆದರೆ ಲಾಗಿನ್ ದಾರಿಯೊಂದನ್ನು ಮುಚ್ಚುವ ಮುನ್ನ ಆಟಗಾರನಿಗೆ ಇಷ್ಟು ದಿನ ಮೊದಲು ತಿಳಿಸಬೇಕು, ಖಾತೆಯನ್ನು ಬೇರೆಡೆಗೆ ದಾಟಿಸಿಕೊಳ್ಳಲು ದಾರಿ ಕೊಡಬೇಕು ಎಂಬ ಸ್ಪಷ್ಟ ಕಟ್ಟಳೆ ಬೇಕು. ಮೂರು ತಿಂಗಳ ನೋಟಿಸು, ಅದೂ ಗೇಮಿನ ಪರದೆಯ ಮೇಲೆ, ಕನ್ನಡವೂ ಸೇರಿದಂತೆ ಆಡುವವರ ಭಾಷೆಯಲ್ಲಿ. ಇದು ಕಂಪನಿಗಳಿಗೆ ದೊಡ್ಡ ಖರ್ಚಲ್ಲ. ಹಬ್ಬದ ರಿಯಾಯಿತಿಯ ಜಾಹೀರಾತನ್ನು ಅವು ಅದೇ ಪರದೆಯ ಮೇಲೆ ದಿನಕ್ಕೆ ಹತ್ತು ಸಲ ತೋರಿಸುತ್ತವೆ.

ಈಗಿನ ಅಧಿಸೂಚನೆಯಂತೆ ಗಡುವು ಮುಗಿಯುವುದು ಮೇ ಮಧ್ಯದಲ್ಲಿ, ಕರ್ನಾಟಕದ ಶಾಲೆಗಳಿಗೆ ಬೇಸಿಗೆ ರಜೆ ಇರುವಾಗ. ಮಕ್ಕಳು ಫೋನ್ ಕೆಳಗಿಡದ ತಿಂಗಳದು. ಆ ವಾರ ಗೇಮ್ ತೆರೆಯದಿದ್ದರೆ ದೂರುಗಳೆಲ್ಲ ಒಟ್ಟಿಗೆ ಬಂದು ಬೀಳುತ್ತವೆ, ಉತ್ತರ ಕೊಡಲು ಯಾವ ಕಂಪನಿಯ ಸಹಾಯವಾಣಿಯಲ್ಲೂ ಅಷ್ಟು ಜನ ಇರುವುದಿಲ್ಲ. ಎರಡನೆಯ ಖಾತೆ ಸೇರಿಸಿಕೊಳ್ಳಿ ಎಂಬ ಸೂಚನೆಯನ್ನು ಕಂಪನಿಗಳು ಅದಕ್ಕೂ ಹಿಂದಿನ ದಸರಾ ರಜೆಯಲ್ಲೇ ಪರದೆಯ ಮೇಲೆ ಹಾಕಬೇಕು. ಮನೆಯವರು ಅದಕ್ಕೂ ಕಾಯಬೇಕಿಲ್ಲ.