ಹೆಸರುಗಳನ್ನು ದಾಟಿ ಹೋಗುವವರು

ಹಳೆಯ ಕನ್ನಡ ಚಿತ್ರಗಳಲ್ಲಿ ಕೆಲಸಗಾರರ ಹೆಸರುಗಳು ಆರಂಭದಲ್ಲೇ ಬರುತ್ತಿದ್ದವು. ಕಲಾ ನಿರ್ದೇಶನ, ಪ್ರಸಾಧನ, ವಸ್ತ್ರಾಲಂಕಾರ, ಸ್ಥಿರಚಿತ್ರಣ: ಕಥೆ ತೊಡಗಬೇಕಾದರೆ ಪ್ರೇಕ್ಷಕ ಇವರನ್ನೆಲ್ಲ ಹಾದೇ ಹೋಗಬೇಕಿತ್ತು. ಈಗ ಆ ಹೆಸರುಗಳು ಕೊನೆಗೆ ಸರಿದಿವೆ. ಅಲ್ಲಿಯೂ ಅವಕ್ಕೆ ನೆಲೆಯಿಲ್ಲ. ಇಲ್ಲೇ ಲಾಸ್ ಗ್ಯಾಟೋಸ್‌ನಲ್ಲಿ ಕೇಂದ್ರ ಕಚೇರಿಯಿರುವ ನೆಟ್‌ಫ್ಲಿಕ್ಸ್, ಚಿತ್ರ ಮುಗಿಯುತ್ತಿದ್ದಂತೆಯೇ ಅವನ್ನು ಪುಟ್ಟ ಚೌಕವೊಂದಕ್ಕೆ ಒತ್ತರಿಸಿ ಮುಂದಿನ ಸರಕನ್ನು ಹರಡುತ್ತದೆ. ಹೆಸರು ಓದಬಯಸುವವನೇ ಗುಂಡಿ ಹುಡುಕಬೇಕು. ಇಂಥ ಗುಂಡಿಗಳಿಗೆ ಸಂಕೇತ ಬರೆಯುವ ಈ ಕಣಿವೆಯ ಎಂಜಿನಿಯರುಗಳಲ್ಲಿ ಕನ್ನಡಿಗರೇನು ಕಡಿಮೆಯೆ?

ಹೀಗೆ ಒತ್ತರಿಸಲ್ಪಡುವವರು ಯಾರು? 1997ರ ಸ್ವರ್ಣಕಮಲ ಪಡೆದ 'ತಾಯಿ ಸಾಹೇಬ' ಎಂದೊಡನೆ ನಾವು ಗಿರೀಶ ಕಾಸರವಳ್ಳಿ, ಜಯಮಾಲಾ ಎನ್ನುತ್ತೇವೆ; ಸರಿಯೇ. ಅದೇ ಚಿತ್ರದ ಕಲಾ ನಿರ್ದೇಶನಕ್ಕೆ ರಮೇಶ ದೇಸಾಯಿಯವರಿಗೂ, ವಸ್ತ್ರವಿನ್ಯಾಸಕ್ಕೆ ವೈಶಾಲಿ ಕಾಸರವಳ್ಳಿಯವರಿಗೂ ರಾಷ್ಟ್ರಪ್ರಶಸ್ತಿ ಬಂದದ್ದನ್ನು ಎಷ್ಟು ಜನ ನೆನೆಯುತ್ತಾರೆ? ಸ್ವಾತಂತ್ರ್ಯದ ಆಚೀಚಿನ ಕಾಲಕ್ಕೆ ಚಾಚಿದ ಆ ಕಥೆಯಲ್ಲಿ ವಾಡೆಯ ಗೋಡೆಯೂ ಸೀರೆಯ ಅಂಚೂ ಸುಳ್ಳಾಡಿದ್ದರೆ ಯಾವ ನಟನೆಯೂ ಅದನ್ನು ಉಳಿಸುತ್ತಿರಲಿಲ್ಲ. 'ಸಂಸ್ಕಾರ'ದ ಅಗ್ರಹಾರದ ಬಗ್ಗೆ ಗಂಟೆಗಟ್ಟಲೆ ವಾದಿಸುವ ನಮ್ಮ ಪ್ರಗತಿಪರ ಗೆಳೆಯರಿಗೂ ಅದರ ಕಲಾ ನಿರ್ದೇಶಕರು ಚೋಳಮಂಡಲದ ಚಿತ್ರಕಾರ ಎಸ್. ಜಿ. ವಾಸುದೇವ್ ಎಂಬುದು ಹೊಸ ಸುದ್ದಿ. (ಛಾಯಾಗ್ರಾಹಕ ಟಾಮ್ ಕೋವನ್ ಹೆಸರು ಮಾತ್ರ ನೆನಪಿರುತ್ತದೆ, ಆತ ಆಸ್ಟ್ರೇಲಿಯಾದವನಲ್ಲವೆ!)

ಇದು ಬರಿಯ ಕೀರ್ತಿಯ ಪ್ರಶ್ನೆಯಲ್ಲ. 2021ರಲ್ಲಿ ಕೋವಿಡ್‌ನಿಂದ ಚಿತ್ರೀಕರಣ ನಿಂತಾಗ ನಟ ಯಶ್ ಕನ್ನಡ ಚಿತ್ರರಂಗದ ಮೂರು ಸಾವಿರಕ್ಕೂ ಹೆಚ್ಚು ಕಾರ್ಮಿಕರಿಗೆ ತಲಾ 5,000 ರೂಪಾಯಿ ಘೋಷಿಸಿದರು. ಅವರ ಔದಾರ್ಯ ದೊಡ್ಡದು. ಆದರೆ ಕೋಟಿಗಳ ಲೆಕ್ಕ ಹೇಳುವ ಉದ್ಯಮವೊಂದರ ಬಡಗಿ, ದರ್ಜಿ, ದೀಪ ಹಿಡಿಯುವ ಹುಡುಗ ಕೆಲವೇ ವಾರ ಕೆಲಸ ನಿಂತರೆ ಒಬ್ಬ ತಾರೆಯ ಕೈ ನೋಡಬೇಕಾದದ್ದು ಯಾಕೆ? ಹಕ್ಕಾಗಿ ಸಿಗಬೇಕಾದದ್ದು ದಾನವಾಗಿ ಸಿಕ್ಕಿತು. ಹೆಸರೇ ಕಾಣದವನ ಕೂಲಿಯ ಪರವಾಗಿ ಪ್ರೇಕ್ಷಕ ದನಿಯೆತ್ತುವುದಾದರೂ ಹೇಗೆ?

ತಾರೆಗಳನ್ನು ವಿಮಾನದಲ್ಲಿ ಕರೆಸಿ, ಅವರೊಂದಿಗಿನ ಊಟಕ್ಕೂ ಫೋಟೋಕ್ಕೂ ಟಿಕೆಟ್ ಮಾರುವ ನಮ್ಮ ಸಮ್ಮೇಳನಗಳು ಒಂದು ವರ್ಷ ಒಬ್ಬ ಕಲಾ ನಿರ್ದೇಶಕನನ್ನೋ ವಸ್ತ್ರವಿನ್ಯಾಸಕಿಯನ್ನೋ ಕರೆಯಲಿ; ಅದೇ ಗೌರವಧನ, ಅದೇ ಮುಖ್ಯ ವೇದಿಕೆ. ಫ್ರೀಮಾಂಟ್‌ನಲ್ಲೋ ಸನಿವೇಲ್‌ನಲ್ಲೋ ಕನ್ನಡ ಚಿತ್ರ ತೋರಿಸುವವರು ಕೊನೆಯ ಹೆಸರು ಸರಿಯುವವರೆಗೆ ದೀಪ ಹಾಕದಿರಲಿ. ಆ ಕಂಪನಿಗಳೊಳಗೆ ಕುಳಿತವರು ಮುಂದಿನ ವಿನ್ಯಾಸ ಸಭೆಯಲ್ಲಿ ಕೇಳಲಿ: ಹೆಸರುಗಳನ್ನು ಪೂರ್ತಿ ಪರದೆಯಲ್ಲಿ ಬಿಟ್ಟರೆ ನಷ್ಟವೆಷ್ಟು, ಯಾರಿಗೆ?